ನ್ಯಾಯೋಪಾತ್ತ ಧನ ಮತ್ತು ಶ್ರಾವಕನ ವ್ಯಾಪಾರ

(ಪಂಚಕಲ್ಯಾಣ ಪ್ರತಿಷ್ಠಾ ಮಹೋತ್ಸವದ ಅಂಗವಾಗಿ ಜರುಗಿದ ಧಾರ್ಮಿಕ ಸಭೆಯಲ್ಲಿ ಮಾಡಿದ ಭಾಷಣ)

   

ವ್ಯಾಪಾರದಲ್ಲಿ ಧರ್ಮ ಎಂಬ ವಿಷಯವನ್ನು ಕುರಿತು ಮಾತನಾಡಬೇಕೆಂದು ಸಮಿತಿಯವರು ಅಪ್ಪಣೆ ಮಾಡಿದ್ದಾರೆ. ನಾನು ಪಂಡಿತನಲ್ಲ. ಮೆಟ್ರಿಕ್‌ವರೆಗೆ ಓದಿ ಮಂಡಿಯಲ್ಲಿ ತಕ್ಕಡಿಯ ಮುಂದೆ ಕುಳಿತವನು. ಆದಕಾರಣ ಶಾಸ್ತ್ರದ ಗಹನ ಚರ್ಚೆಗೆ ಹೋಗದೆ, ಆಚಾರ್ಯರು ಗೃಹಸ್ಥನಿಗೆ ಹೇಳಿರುವ ಮಾತು ನಮ್ಮ ಪೇಟೆಯಲ್ಲಿ ಏನನ್ನು ಬೇಡುತ್ತದೆ ಎಂಬಷ್ಟನ್ನು ತಮ್ಮ ಮುಂದೆ ನಿವೇದಿಸಿಕೊಳ್ಳುತ್ತೇನೆ.

ಈ ಬಸದಿಯ ಬಾಗಿಲಿನಲ್ಲಿ ದಾನಿಗಳ ನಾಮಫಲಕವಿದೆ. ಯಾರು ಎಷ್ಟು ಕೊಟ್ಟರೆಂಬುದು ಅದರಲ್ಲಿ ಕೆತ್ತಲ್ಪಟ್ಟಿದೆ. ಆ ಧನವು ಹೇಗೆ ಬಂತೆಂಬುದನ್ನು ಕಲ್ಲು ಕೇಳುವುದಿಲ್ಲ; ಆಗಮವು ಕೇಳುತ್ತದೆ. 13ನೆಯ ಶತಮಾನದ ಪಂಡಿತ ಆಶಾಧರರು ತಮ್ಮ 'ಸಾಗಾರಧರ್ಮಾಮೃತ'ದಲ್ಲಿ ಶ್ರಾವಕಧರ್ಮಕ್ಕೆ ಅರ್ಹನಾದ ಗೃಹಸ್ಥನ ಗುಣಗಳನ್ನು ಹೇಳುವಾಗ ಮೊಟ್ಟಮೊದಲು ಇಟ್ಟಿರುವ ಗುಣ 'ನ್ಯಾಯೋಪಾತ್ತಧನ', ಅಂದರೆ ನ್ಯಾಯದಿಂದ ಧನವನ್ನು ಗಳಿಸಿದವನು ಎಂಬುದು. ಗುರುಗಳ ಪೂಜೆ ಮೊದಲಾದವು ಅದರ ಅನಂತರ ಬರುತ್ತವೆ. ಈ ಕ್ರಮವನ್ನು ನಾವು ಗಮನಿಸಬೇಕು. ಗಳಿಸುವಾಗ ಕಣ್ಣು ಮುಚ್ಚಿಕೊಂಡು, ಕೊಡುವಾಗ ಕೈ ತೆರೆದರೆ ಸಾಕೆಂಬ ಭಾವನೆ ನಮ್ಮಲ್ಲಿ ಬೆಳೆದಿದೆ. ದಾನವು ಲೋಭವನ್ನು ಕ್ಷೀಣಗೊಳಿಸುವ ಸಾಧನವೇ ಹೊರತು ಅನ್ಯಾಯದ ಗಳಿಕೆಗೆ ಕೊಡುವ ರಸೀದಿಯಲ್ಲ.

ಧರ್ಮಗ್ರಂಥಗಳಿಗೂ ಪೇಟೆಗೂ ಏನು ಸಂಬಂಧವೆಂದು ಕೇಳುವವರಿದ್ದಾರೆ. ಉಮಾಸ್ವಾಮಿ ಆಚಾರ್ಯರ ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯವನ್ನು ಅವರು ಓದಿ ನೋಡಬೇಕು. ಅಚೌರ್ಯಾಣುವ್ರತಕ್ಕೆ ಅಲ್ಲಿ ಐದು ಅತಿಚಾರಗಳನ್ನು ಹೇಳಿದೆ. ಕಳವಿಗೆ ಪ್ರೇರಣೆ ಕೊಡುವುದು ಸ್ತೇನಪ್ರಯೋಗ. ಕಳವಿನ ಮಾಲನ್ನು ಕೊಳ್ಳುವುದು ತದಾಹೃತಾದಾನ. ರಾಜ್ಯದ ಕಟ್ಟಳೆಯನ್ನು ಮೀರಿ ಲಾಭ ಮಾಡುವುದು ವಿರುದ್ಧರಾಜ್ಯಾತಿಕ್ರಮ. ಕೊಳ್ಳುವಾಗ ಒಂದು ತೂಕ, ಮಾರುವಾಗ ಇನ್ನೊಂದು ತೂಕ ಇಡುವುದು ಹೀನಾಧಿಕಮಾನೋನ್ಮಾನ. ಅಸಲಿನಲ್ಲಿ ನಕಲಿಯನ್ನು ಬೆರೆಸುವುದು ಪ್ರತಿರೂಪಕವ್ಯವಹಾರ. ಸತ್ಯಾಣುವ್ರತದ ಅತಿಚಾರಗಳಲ್ಲಿ ಸುಳ್ಳು ಪತ್ರ ಬರೆಯುವ ಕೂಟಲೇಖಕ್ರಿಯೆಯೂ, ನಂಬಿ ಇಟ್ಟುಹೋದ ಠೇವಣಿಯನ್ನು ಅಪಹರಿಸುವ ನ್ಯಾಸಾಪಹಾರವೂ ಸೇರಿವೆ. ಆಚಾರ್ಯರು ಅರಣ್ಯದಲ್ಲಿದ್ದರೂ ಅಂಗಡಿಯ ಮೂಲೆ ಮೂಲೆಯನ್ನು ಬಲ್ಲವರಾಗಿದ್ದರು.

ಈ ಹೆಸರುಗಳು ಸಂಸ್ಕೃತದಲ್ಲಿರುವುದರಿಂದ ಅವು ಎಂದೋ ಮುಗಿದುಹೋದ ಕಾಲದ ಮಾತೆಂದು ತಿಳಿಯಬಾರದು. ನಮ್ಮ ನಾಡಿನ ಕೆಲವು ಮಾರುಕಟ್ಟೆಗಳಲ್ಲಿ ರೈತನು ತಂದ ಮಾಲಿನ ತೂಕದಲ್ಲಿ ಕ್ವಿಂಟಲಿಗೆ ಇಷ್ಟು ಕಿಲೋ ಎಂದು ಸೂಟು ಕಳೆಯುವ ರೂಢಿ ಇಂದಿಗೂ ಅಳಿದಿಲ್ಲ. 2009ರ ಕಾನೂನುಮಾಪನ ಕಾಯ್ದೆ ಇದೆ, ವಿದ್ಯುತ್ ತಕ್ಕಡಿಗಳೂ ಬಂದಿವೆ. ಆದರೆ ತಕ್ಕಡಿ ಸರಿಯಾಗಿ ತೋರಿಸಿದ ತೂಕವನ್ನು ಚೀಟಿಯಲ್ಲಿ ಕಡಿಮೆ ಬರೆಯುವ ಕೈಯನ್ನು ಯಾವ ಯಂತ್ರವೂ ತಡೆಯಲಾರದು. ಇದು ಹೀನಾಧಿಕಮಾನೋನ್ಮಾನವಲ್ಲದೆ ಮತ್ತೇನು? ರೈತನ ಕೈಗೆ ಬಿಳಿ ಚೀಟಿ ಕೊಟ್ಟು ಕಳುಹಿಸುವುದು, 2017ರಲ್ಲಿ ಸರಕು ಮತ್ತು ಸೇವಾ ತೆರಿಗೆ ಬಂದ ಮೇಲೂ ಅಧಿಕಾರಿಗೊಂದು ಮನೆಗೊಂದು ಎಂದು ಎರಡು ಲೆಕ್ಕ ಇಡುವುದು, ಇವು ಕೂಟಲೇಖಕ್ರಿಯೆ ಮತ್ತು ವಿರುದ್ಧರಾಜ್ಯಾತಿಕ್ರಮಗಳ ಇಂದಿನ ರೂಪಗಳು. ರಾತ್ರಿಭೋಜನ ತ್ಯಾಗವನ್ನು ಕಟ್ಟುನಿಟ್ಟಾಗಿ ಪಾಲಿಸುವ ನಾವು ಹಗಲಿನಲ್ಲಿ ಬರೆಯುವ ಚೀಟಿಯ ಬಗೆಗೆ ಅಷ್ಟೇ ಭಯಪಡಬೇಡವೇ?

ಅಹಿಂಸೆಯನ್ನೂ ನಾವು ಅಡುಗೆಮನೆಗೆ ಸೀಮಿತಗೊಳಿಸಿದ್ದೇವೆ. ಅಹಿಂಸಾಣುವ್ರತದ ಅತಿಚಾರಗಳಲ್ಲಿ ಅತಿಭಾರಾರೋಪಣ ಮತ್ತು ಅನ್ನಪಾನನಿರೋಧ ಎಂಬೆರಡಿವೆ. ಮಿತಿಮೀರಿದ ಭಾರ ಹೊರಿಸುವುದು ಮತ್ತು ಹೊತ್ತಿಗೆ ಸರಿಯಾಗಿ ಅನ್ನ ನೀರು ಸಿಗದಂತೆ ಮಾಡುವುದು ಎಂದರ್ಥ. ಎತ್ತು ಕುದುರೆಗಳಿಗೆ ಸಲ್ಲುವ ಈ ಮಾತು ಕ್ವಿಂಟಲ್ ತೂಕದ ಮೂಟೆ ಹೊರುವ ಹಮಾಲನಿಗೆ ಸಲ್ಲದೆ? ಬೆಳಗಿನಿಂದ ರಾತ್ರಿಯವರೆಗೆ ನಿಂತಿರುವ ಗುಮಾಸ್ತನಿಗೆ ಊಟದ ವೇಳೆ ಕೊಡದಿರುವುದು, ತಿಂಗಳು ಮುಗಿದರೂ ಸಂಬಳ ತಡೆಹಿಡಿಯುವುದು ಅನ್ನಪಾನನಿರೋಧವೇ ಸರಿ. ನೀರನ್ನು ಸೋಸಿ ಕುಡಿಯುವ ಕುಲದವರು ನಾವು. ನಮ್ಮ ಅಂಗಡಿಯ ಆಳಿನ ಬೆವರಿನ ವಿಷಯದಲ್ಲಿಯೂ ಆ ಸೂಕ್ಷ್ಮದೃಷ್ಟಿ ಇರತಕ್ಕದ್ದು.

ಇನ್ನು ಪರಿಗ್ರಹ ಪರಿಮಾಣ ವ್ರತ. ಇಂದಿನ ಅರ್ಥಶಾಸ್ತ್ರವು ಬಯಕೆಗಳಿಗೆ ಕೊನೆಯಿಲ್ಲವೆಂಬುದನ್ನು ಒಪ್ಪಿಕೊಂಡು, ಇರುವ ಸಾಧನಗಳಿಂದ ಅವುಗಳನ್ನು ಹೇಗೆ ಪೂರೈಸಬಹುದೆಂದು ವಿಚಾರಿಸುತ್ತದೆ. ನಮ್ಮ ಆಚಾರ್ಯರೂ ಬಯಕೆಗೆ ಕೊನೆಯಿಲ್ಲವೆಂದು ಬಲ್ಲರು. ಆದ್ದರಿಂದಲೇ ಬಯಕೆಗೆ ಮಿತಿ ಹಾಕಿಕೊಳ್ಳಿರೆಂದರು. ಕ್ಷೇತ್ರ, ವಾಸ್ತು, ಹಿರಣ್ಯ, ಸುವರ್ಣ, ಧನ, ಧಾನ್ಯ ಇತ್ಯಾದಿಗಳಲ್ಲಿ ಇಷ್ಟು ಸಾಕೆಂಬ ಗೆರೆಯನ್ನು ಗೃಹಸ್ಥನು ತಾನೇ ಎಳೆದುಕೊಳ್ಳಬೇಕು. ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಈ ವ್ರತದ ದೋಷಗಳನ್ನು ಹೇಳುವಾಗ ಅತಿಸಂಗ್ರಹವನ್ನು ಸೇರಿಸಿದ್ದಾರೆ. ಬೆಲೆ ಏರಲೆಂದು ಧಾನ್ಯವನ್ನು ಉಗ್ರಾಣದಲ್ಲಿ ಬಚ್ಚಿಟ್ಟು, ಮಳೆ ಬಾರದಿರಲೆಂದು ಮನಸ್ಸಿನಲ್ಲಿಯೇ ಹಾರೈಸುವ ವರ್ತಕನು ಯಾರನ್ನೂ ಹೊಡೆಯದಿದ್ದರೂ ಅವನ ಪರಿಣಾಮವು ಹಿಂಸಾಮಯವಾಗಿರುತ್ತದೆ. ಕರ್ಮಬಂಧಕ್ಕೆ ಪರಿಣಾಮವೇ ಕಾರಣವಷ್ಟೆ?

ಮಿತಿಯನ್ನು ಗಳಿಸಿದ ಮೇಲೆ ಹಾಕಿಕೊಳ್ಳುತ್ತೇವೆಂದರೆ ಅದು ಎಂದಿಗೂ ಆಗದು. ಗಳಿಕೆಯೊಡನೆ ಗೆರೆಯೂ ಮುಂದೆ ಸರಿಯುತ್ತದೆ. ಆದುದರಿಂದ ವರ್ಷದ ಆರಂಭದಲ್ಲಿಯೇ ಮಿತಿ ಮಾಡಬೇಕು. ದೀಪಾವಳಿಯು ನಮಗೆ ಭಗವಾನ್ ಮಹಾವೀರರ ನಿರ್ವಾಣೋತ್ಸವ. ಅಲ್ಲಿಂದ ವೀರನಿರ್ವಾಣ ಸಂವತ್ಸರ ಹೊಸದಾಗುತ್ತದೆ. ಅದೇ ಸಮಯದಲ್ಲಿ ಅನೇಕ ವರ್ತಕರು ಹೊಸ ಖಾತೆ ಪುಸ್ತಕವನ್ನೂ ಪೂಜಿಸುತ್ತಾರೆ. ಸರ್ವವನ್ನೂ ತ್ಯಜಿಸಿದವರ ಮೋಕ್ಷದ ದಿನದಂದು ನಾವು ಲಾಭದ ಪುಸ್ತಕವನ್ನು ತೆರೆಯುತ್ತೇವೆ! ಆ ಪುಸ್ತಕದ ಮೊದಲ ಪುಟದಲ್ಲಿ ನಮ್ಮ ಪರಿಮಾಣವನ್ನು ಬರೆದುಕೊಂಡರೆ ಮಾತ್ರ ಈ ಎರಡಕ್ಕೂ ಸಂಬಂಧವುಂಟಾಗುತ್ತದೆ.

ಹೀಗೆ ಮಾಡಿದರೆ ಪೈಪೋಟಿಯಲ್ಲಿ ಉಳಿಯುವುದುಂಟೇ ಎಂದು ಯುವಕರು ಕೇಳುತ್ತಾರೆ. ಪ್ರಾಮಾಣಿಕತೆಯಿಂದ ಲಾಭವೇ ಆಗುತ್ತದೆಂದು ಹಿರಿಯರು ಹೇಳುವುದುಂಟು. ನಂಬಿಕೆಯೇ ವ್ಯಾಪಾರಿಯ ಬಂಡವಾಳವೆಂಬುದು ನಿಜ. ಆದರೆ ಅದು ಪೂರ್ಣ ಉತ್ತರವಲ್ಲ. ಸೂಟು ಕಳೆಯದವನ ಲಾಭವು ಕಳೆಯುವವನ ಲಾಭಕ್ಕಿಂತ ಕಡಿಮೆಯಾಗಬಹುದು. ಆ ವ್ಯತ್ಯಾಸವನ್ನು ಹೊರಲು ಸಿದ್ಧನಾಗುವುದೇ ವ್ರತ. ಲಾಭಕ್ಕಾಗಿ ಮಾಡಿದ ಪ್ರಾಮಾಣಿಕತೆಯು ಲಾಭ ನಿಂತ ದಿನವೇ ನಿಂತುಹೋಗುತ್ತದೆ.

ಇದಕ್ಕೆ ಗುಜರಾತಿನ ಶ್ರೀಮದ್ ರಾಜಚಂದ್ರರು ನಿದರ್ಶನ. 1867ರಲ್ಲಿ ಜನಿಸಿ 1901ರಲ್ಲಿ, ತಮ್ಮ 33ನೆಯ ವಯಸ್ಸಿನಲ್ಲಿ ದೇಹಬಿಟ್ಟ ಅವರು ಮುಂಬಯಿಯಲ್ಲಿ ರತ್ನವ್ಯಾಪಾರಿಗಳಾಗಿದ್ದರು. 1891ರಲ್ಲಿ ಅವರನ್ನು ಕಂಡ ಗಾಂಧೀಜಿಯವರು ತಮ್ಮ ಆತ್ಮಕಥೆಯಲ್ಲಿ ಅವರಿಗೆ ಒಂದು ಅಧ್ಯಾಯವನ್ನೇ ಮೀಸಲಿಟ್ಟು, ದೊಡ್ಡ ವ್ಯವಹಾರದ ಮಾತು ಮುಗಿದೊಡನೆ ಧರ್ಮಗ್ರಂಥವನ್ನೋ ಆತ್ಮಚಿಂತನೆಯ ಪುಸ್ತಕವನ್ನೋ ಅವರು ತೆರೆಯುತ್ತಿದ್ದರೆಂದು ಸ್ಮರಿಸಿದ್ದಾರೆ. ಅವರ ಜೀವನದ ಒಂದು ಪ್ರಸಂಗ ಪ್ರಸಿದ್ಧವಾಗಿದೆ. ಒಬ್ಬ ವ್ಯಾಪಾರಿಯು ನಿಗದಿಯಾದ ಬೆಲೆಗೆ ರತ್ನಗಳನ್ನು ಕೊಡುವುದಾಗಿ ಕರಾರು ಬರೆದುಕೊಟ್ಟಿದ್ದನು. ಅಷ್ಟರಲ್ಲಿ ಬೆಲೆ ಏರಿತು. ಕರಾರಿನಂತೆ ನಡೆದರೆ ಅವನ ಮನೆ ಹಾಳಾಗುತ್ತಿತ್ತು. ರಾಜಚಂದ್ರರು ಆ ಪತ್ರವನ್ನೇ ಹರಿದು ಹಾಕಿದರೆಂದು ಹೇಳುತ್ತಾರೆ. ಕಾನೂನು ಅವರ ಪಕ್ಷದಲ್ಲಿತ್ತು. ಕಾನೂನು ಕೊಟ್ಟ ಹಕ್ಕನ್ನೂ ಕರುಣೆಯಿಂದ ಬಿಡಬಲ್ಲವನೇ ಶ್ರಾವಕನೆಂಬುದನ್ನು ಈ ಪ್ರಸಂಗವು ತೋರಿಸುತ್ತದೆ.

ಕೊನೆಯದಾಗಿ ಬಸದಿಯ ಹಣದ ಬಗೆಗೆ ಒಂದು ಮಾತು. ಶ್ರವಣಬೆಳಗೊಳದಲ್ಲಿ ಬುಕ್ಕರಾಯನ ಕಾಲದ 1368ರ ಪ್ರಸಿದ್ಧ ಶಾಸನವಿದೆ. ಜೈನರಿಗೂ ವೈಷ್ಣವರಿಗೂ ಆದ ಒಪ್ಪಂದವನ್ನು ಅದು ಹೇಳುತ್ತದೆ. ಅದರಂತೆ ಜೈನರು ಮನೆಯೊಂದಕ್ಕೆ ವರ್ಷಕ್ಕೆ ಒಂದು ಹಣ ಕೊಡಬೇಕು. ಅದರಿಂದ ಗೊಮ್ಮಟದೇವರಿಗೆ ಇಪ್ಪತ್ತು ಮಂದಿ ಕಾವಲಿನವರನ್ನಿಟ್ಟು, ಉಳಿದುದರಲ್ಲಿ ಜೀರ್ಣ ಜಿನಾಲಯಗಳಿಗೆ ಸುಣ್ಣ ಬಳಿಸಬೇಕು. ಈ ಹೊಣೆ ಹೊತ್ತವರು ವೈಷ್ಣವರಾದ ತಿರುಮಲೆಯ ತಾತಯ್ಯನವರು. ಮುಂದೆ ಆ ಕಟ್ಟಳೆಯನ್ನು ಜೀರ್ಣೋದ್ಧಾರ ಮಾಡಿಸಿದ ಕಲ್ಲೇಹದ ಬುಸುವಿಸೆಟ್ಟಿಗೆ ಉಭಯ ಸಮಯದವರೂ ಕೂಡಿ ಸಂಘನಾಯಕ ಪದವಿಯನ್ನಿತ್ತರು. ಅಲ್ಲಿ ಬಡವನೂ ಸಿರಿವಂತನೂ ಕೊಟ್ಟದ್ದು ಒಂದೇ ಹಣ. ಅದು ಯಾವುದಕ್ಕೆ ವಿನಿಯೋಗವಾಗಬೇಕೆಂಬುದು ಎಲ್ಲರೂ ಓದುವಂತೆ ಕಲ್ಲಿನ ಮೇಲಿತ್ತು.

ಈ ಉತ್ಸವದಲ್ಲಿ ಕಲಶಗಳಿಗೆ ಸವಾಲು ನಡೆಯುತ್ತಿದೆ. ಭಕ್ತಿಯಿಂದ ಕೂಗುವವರಿಗೆ ನನ್ನ ವಂದನೆಗಳು. ಆದರೆ ಕೂಗಿದ ಮೊತ್ತಕ್ಕೆ ರಸೀದಿ ಇರಲಿ. ಲೆಕ್ಕಕ್ಕೆ ಸಿಗದ ಹಣವನ್ನು ಸಮಿತಿಯು ವಿನಯದಿಂದ ಹಿಂದಿರುಗಿಸಲಿ. ಜಮಾ ಖರ್ಚಿನ ಪಟ್ಟಿಯನ್ನು ಬಸದಿಯ ಗೋಡೆಗೆ ಹಚ್ಚಲಿ. ನೂರು ರೂಪಾಯಿ ಕೊಟ್ಟ ಕೂಲಿಯ ತಾಯಿಯ ಹೆಸರೂ ಅದರಲ್ಲಿ ಇರಲಿ. ಇದರಿಂದ ಬರುವ ಮೊತ್ತವು ಕಡಿಮೆಯಾದರೆ ಶಿಖರದ ಎತ್ತರವು ನಾಲ್ಕು ಅಡಿ ಕಡಿಮೆಯಾಗಬಹುದು. ಧರ್ಮದ ಎತ್ತರವು ಕಡಿಮೆಯಾಗದು.

ಒಳಗೆ ವಿರಾಜಮಾನರಾಗುವ ಜಿನೇಶ್ವರರು ಏನನ್ನೂ ಬೇಡದ ವೀತರಾಗರು. ಅವರಿಗೆ ನಮ್ಮ ಹಣದ ಅಗತ್ಯವಿಲ್ಲ. ಅವರ ದರ್ಶನದ ಅಗತ್ಯ ನಮಗಿದೆ. ನಾಳೆ ಬೆಳಿಗ್ಗೆ ದರ್ಶನ ಮಾಡಿ ಅಂಗಡಿಯ ಬಾಗಿಲು ತೆರೆಯುವಾಗ ತಕ್ಕಡಿಯ ಮುಂದೆಯೂ ಆ ಪ್ರತಿಮೆಯ ನೆನಪು ಉಳಿಯಲೆಂದು ಪ್ರಾರ್ಥಿಸುತ್ತೇನೆ.

ಜಯ ಜಿನೇಂದ್ರ.