ಯಾರ ಕೈಯಿಂದ ಯಾರ ಕೈಗೆ?

ಶ್ರೀರಂಗಪಟ್ಟಣ, ಪಾಂಡವಪುರ, ಕೆ.ಆರ್. ಪೇಟೆ, ನಾಗಮಂಗಲ, ಹೀಗೆ ನಮ್ಮ ಉಪವಿಭಾಗದ ನಾಲ್ಕೂ ತಾಲ್ಲೂಕುಗಳಿಂದ ಬಂದಿರುವ ಪಂಚಾಯ್ತಿ ಸದಸ್ಯರೇ, ರೈತ ಬಂಧುಗಳೇ, ರಜೆ ಹಾಕಿ ಬಂದು ಹಿಂದಿನ ಸಾಲಿನಲ್ಲಿ ಕೂತಿರುವ ಕಂದಾಯ ಇಲಾಖೆಯ ಮಿತ್ರರೇ,

ಆಡಳಿತ ಸುಧಾರಣೆ ಈ ನೆಲಕ್ಕೆ ಹೊಸದಲ್ಲ. ಚಿಕ್ಕದೇವರಾಜ ಒಡೆಯರು ಹದಿನೆಂಟು ಇಲಾಖೆಗಳ ಅಠಾರ ಕಚೇರಿಯನ್ನು ಕಟ್ಟಿದ್ದು ಶ್ರೀರಂಗಪಟ್ಟಣದಲ್ಲಿ. ಕಂದಾಯದ ಬಿಗಿ ತಾಳದೆ ರೈತರು ದಂಗೆ ಎದ್ದದ್ದೂ ಅದೇ ದೊರೆಯ ಕಾಲದಲ್ಲಿ. ಸ್ವತಂತ್ರ ಭಾರತದಲ್ಲಿ ಮೊರಾರ್ಜಿ ದೇಸಾಯಿಯವರಿಂದ ಮೊದಲ ಸುಧಾರಣಾ ಆಯೋಗದ ಹೊಣೆ ಹೊತ್ತವರು ಕೆಂಗಲ್ ಹನುಮಂತಯ್ಯ. 2005ರ ಎರಡನೆಯದಕ್ಕೆ ವೀರಪ್ಪ ಮೊಯ್ಲಿ ಅಧ್ಯಕ್ಷರು. ರಾಜ್ಯದಲ್ಲಿ ಹಾರನಹಳ್ಳಿ ರಾಮಸ್ವಾಮಿ, ವಿಜಯಭಾಸ್ಕರ್, ಆರ್.ವಿ. ದೇಶಪಾಂಡೆ. ವರದಿಗಳಿಗಂತೂ ನಮ್ಮಲ್ಲಿ ಬರವಿಲ್ಲ. ಆದರೆ ಮೊದಲ ಆಯೋಗ 1966ರಲ್ಲೇ ಶಿಫಾರಸು ಮಾಡಿದ ಲೋಕಪಾಲಕ್ಕೆ ಸಂಸತ್ತು ಒಪ್ಪಿದ್ದು 2013ರಲ್ಲಿ!

ಈ ತಡವನ್ನು ಕಚೇರಿಯ ಸೋಮಾರಿತನದ ಲೆಕ್ಕಕ್ಕೆ ಬರೆಯುವುದು ಸುಲಭ. ನಾನು ಹಾಗೆ ಬರೆಯಲಾರೆ. ಯಾವ ಸುಧಾರಣೆಯಿಂದ ಯಾರು ಏನು ಕಳೆದುಕೊಳ್ಳುತ್ತಾರೆ ಎಂದು ನೋಡಿದರೆ, ಅದು ಉಳಿಯುತ್ತದೋ ಅಳಿಯುತ್ತದೋ ಮೊದಲೇ ಹೇಳಬಹುದು.

'ಭೂಮಿ' ಯೋಜನೆಯನ್ನೇ ನೋಡಿ. ಅದರ ಮೊದಲ ಪ್ರಯೋಗ ನಡೆದದ್ದು ನಮ್ಮದೇ ಜಿಲ್ಲೆಯ ಮದ್ದೂರಿನಲ್ಲಿ. ರಾಜ್ಯಕ್ಕೆಲ್ಲ ಹರಡಿದಾಗ ಮುಖ್ಯಮಂತ್ರಿಯಾಗಿದ್ದವರು ಅದೇ ತಾಲ್ಲೂಕಿನ ಎಸ್.ಎಂ. ಕೃಷ್ಣ. ಸುಮಾರು 2 ಕೋಟಿ ಪಹಣಿಗಳು ಕಂಪ್ಯೂಟರಿಗೆ ಹೋದವು. 15 ರೂಪಾಯಿ ಕೊಟ್ಟರೆ ಪಹಣಿ ಕೈಗೆ ಬಂತು. ಮ್ಯುಟೇಷನ್ ಅರ್ಜಿಗಳನ್ನು ಬಂದ ಸರದಿಯಲ್ಲೇ ವಿಲೇವಾರಿ ಮಾಡಬೇಕು, ನಡುವೆ ಯಾರನ್ನೂ ನುಸುಳಿಸುವಂತಿಲ್ಲ ಎಂದಾಯಿತು. ಇಷ್ಟು ದೊಡ್ಡ ಕೆಲಸಕ್ಕೆ ಅಡ್ಡಿ ಬರಲಿಲ್ಲವೇಕೆ? ಪಹಣಿಯ ಮೇಲಿನ ಹಿಡಿತ ಕಳೆದುಕೊಂಡವರು ಸುಮಾರು 9,000 ಗ್ರಾಮಲೆಕ್ಕಿಗರು. ಅವರ ಹಿಂದೆ ವೋಟಿನ ಗಂಟಿರಲಿಲ್ಲ. 2024ರಲ್ಲಿ ಅದೇ ಹುದ್ದೆಯವರು ಮೊಬೈಲ್ ಆ್ಯಪ್‌ಗಳ ಹೊರೆ ತಾಳದೆ ಮುಷ್ಕರಕ್ಕೆ ಕೂತರು. ಸುಧಾರಣೆಯ ಭಾರ ಬೀಳುವುದು ಹೆಚ್ಚಾಗಿ ಕೆಳಗಿನವರ ಹೆಗಲಿಗೇ.

ಹಾಗೆಂದು 'ಭೂಮಿ' ಕೆಟ್ಟದ್ದಲ್ಲ. ಕೈಬರಹದ ಪಹಣಿಗಾಗಿ ಅಲೆದವರು ಅದನ್ನು ಬಯ್ಯಲಾರರು. ಆದರೆ ಊರ ಚಾವಡಿಯಲ್ಲಿದ್ದ ಅಧಿಕಾರ ತಾಲ್ಲೂಕು ಕಚೇರಿಗೆ ಹೋಯಿತು, ದಲ್ಲಾಳಿಯೂ ಅದರ ಹಿಂದೆಯೇ ಹೋದ. ಪೋಡಿಯಾಗದ ಸರ್ವೆ ನಂಬರಿನಲ್ಲಿ ಹತ್ತು ಜನರ ಹೆಸರಿದ್ದರೆ ಕಂಪ್ಯೂಟರು ಹತ್ತನ್ನೂ ಅಚ್ಚುಕಟ್ಟಾಗಿ ಮುದ್ರಿಸಿ ಕೊಡುತ್ತದೆ. ಯಾರ ಗುಂಟೆ ಎಲ್ಲಿ ಎನ್ನುವುದಕ್ಕೆ ಸರ್ವೆಯರ್ ಬಂದು ಅಳೆಯಲೇಬೇಕು. ಮ್ಯುಟೇಷನ್ ತಕರಾರು ಮೇಲ್ಮನವಿಗೆ ಹೋದರೆ ಕೆ.ಆರ್. ಪೇಟೆಯವರೂ ನಾಗಮಂಗಲದವರೂ ಪಾಂಡವಪುರದ ಉಪವಿಭಾಗಾಧಿಕಾರಿ (ಎಸಿ) ಕೋರ್ಟಿಗೆ ಬರಬೇಕು. ಇನ್ನು ಸರ್ಕಾರಿ ಜಮೀನಿನ ಬಗರ್ ಹುಕುಂ ಸಾಗುವಳಿಯನ್ನು ಸಕ್ರಮ ಮಾಡುವ ಸಮಿತಿಗೆ ಶಾಸಕರೇ ಅಧ್ಯಕ್ಷರು. ಪಹಣಿಯನ್ನು ಮುಟ್ಟಿದ ಸುಧಾರಣೆ ಆ ಕುರ್ಚಿಯನ್ನು ಮುಟ್ಟಲಿಲ್ಲ.

ಮೇಲಿನವರ ಕೈಯಿಂದ ಕಿತ್ತುಕೊಂಡ ಸುಧಾರಣೆ ಏನಾಯಿತು? ರಾಮಕೃಷ್ಣ ಹೆಗಡೆಯವರ ಸರ್ಕಾರದಲ್ಲಿ ಅಬ್ದುಲ್ ನಜೀರ್ ಸಾಬ್ ತಂದ ಕಾಯ್ದೆಯಂತೆ 1987ರಲ್ಲಿ ಜಿಲ್ಲಾ ಪರಿಷತ್ತು, ಮಂಡಲ ಪಂಚಾಯ್ತಿಗಳಿಗೆ ಚುನಾವಣೆ ನಡೆಯಿತು. ಮಹಿಳೆಯರಿಗೆ ಶೇ. 25 ಮೀಸಲು. ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ದರ್ಜೆ. ಅವರ ಕೈಕೆಳಗಿನ ಮುಖ್ಯ ಕಾರ್ಯದರ್ಶಿ ಜಿಲ್ಲಾಧಿಕಾರಿಗಿಂತ ಹಿರಿಯ ಅಧಿಕಾರಿ. ಶಾಸಕರಿಗೆ ಇದು ನುಂಗಲಾರದ ತುತ್ತು. ಎಲ್ಲ ಪಕ್ಷದ ಶಾಸಕರಿಗೂ ಎಂದು ಸೇರಿಸಿಯೇ ಹೇಳುತ್ತೇನೆ. 1992ರಲ್ಲಿ ಅವಧಿ ಮುಗಿಯಿತು. ಚುನಾವಣೆಯ ಬದಲು ಆಡಳಿತಾಧಿಕಾರಿಗಳು ಬಂದರು. 1993ರ ಕಾಯ್ದೆ ಬಂದಾಗ ಆ ಹಳೆಯ ಗತ್ತು ಉಳಿದಿರಲಿಲ್ಲ.

ಲೋಕಾಯುಕ್ತದ್ದೂ ಇದೇ ಪಾಡು. ಅದು 2011ರಲ್ಲಿ ಕೊಟ್ಟ ಅಕ್ರಮ ಗಣಿಗಾರಿಕೆ ವರದಿಯ ಬಳಿಕ ಕೆ.ಆರ್. ಪೇಟೆ ತಾಲ್ಲೂಕಿನ ಬೂಕನಕೆರೆಯವರೇ ಆದ ಯಡಿಯೂರಪ್ಪ ಮುಖ್ಯಮಂತ್ರಿ ಸ್ಥಾನ ಬಿಡಬೇಕಾಯಿತು. 2016ರಲ್ಲಿ ಸಿದ್ದರಾಮಯ್ಯ ಸರ್ಕಾರ ಭ್ರಷ್ಟಾಚಾರ ನಿಗ್ರಹ ದಳ (ಎಸಿಬಿ) ರಚಿಸಿ ಲೋಕಾಯುಕ್ತದ ಹಲ್ಲು ಕಿತ್ತಿತು. ಆ ಎಸಿಬಿಯನ್ನು ರದ್ದು ಮಾಡಲು 2022ರಲ್ಲಿ ಹೈಕೋರ್ಟೇ ಬರಬೇಕಾಯಿತು.

ಇದು ನಮ್ಮೊಬ್ಬರ ಚಾಳಿಯಲ್ಲ. ವಿಕೇಂದ್ರೀಕರಣಕ್ಕೆ ಹೆಸರಾದ ಉಗಾಂಡದಲ್ಲಿ 2001ರ ಬಳಿಕ ಹಳ್ಳಿ ಮಟ್ಟದ ಮಂಡಳಿಗೆ ಚುನಾವಣೆ ನಡೆದದ್ದು 2018ರಲ್ಲಿ. ನಾವು ನಗುವ ಹಾಗಿಲ್ಲ: 2016ರಲ್ಲಿ ನಾವು ಆರಿಸಿದ ತಾಲ್ಲೂಕು, ಜಿಲ್ಲಾ ಪಂಚಾಯ್ತಿಗಳ ಅವಧಿ 2021ರಲ್ಲಿ ಮುಗಿಯಿತು. ಕ್ಷೇತ್ರ ವಿಂಗಡಣೆಯ ಅಧಿಕಾರವನ್ನು ಚುನಾವಣಾ ಆಯೋಗದಿಂದ ತೆಗೆದು ಬೇರೆ ಆಯೋಗಕ್ಕೆ ಕೊಟ್ಟರು. ಚುನಾವಣೆ ಮುಂದಕ್ಕೆ ಹೋಗುತ್ತಲೇ ಬಂತು. ಜನರು ಆರಿಸಿದವರು ಕೂರಬೇಕಾದ ಕಡೆ ಅಧಿಕಾರಿಗಳು ಕೂತರು.

ಆದ್ದರಿಂದ ಈ ಸಮಾವೇಶ ಹೊಸ ಆಯೋಗ ಕೇಳುವುದು ಬೇಡ. ನನ್ನ ಸಲಹೆ ಮೂರೇ: ಅವಧಿ ಮುಗಿಯುವುದರೊಳಗೆ ಪಂಚಾಯ್ತಿ ಚುನಾವಣೆ ನಡೆಸುವ ಹೊಣೆಯೂ ಕ್ಷೇತ್ರ ವಿಂಗಡಣೆಯೂ ರಾಜ್ಯ ಚುನಾವಣಾ ಆಯೋಗದ ಕೈಯಲ್ಲಿರಲಿ, ಬಗರ್ ಹುಕುಂ ಸಮಿತಿಯ ಅಧ್ಯಕ್ಷತೆ ಶಾಸಕರಿಂದ ತಪ್ಪಲಿ, ಬಾಕಿ ಇರುವ ಪೋಡಿ ಅರ್ಜಿಗಳ ಪಟ್ಟಿಯನ್ನು ಪ್ರತಿ ನಾಡಕಚೇರಿಯ ಗೋಡೆಗೆ ಸರದಿಯಂತೆ ಅಂಟಿಸಲಿ. ಎರಡನೆಯದಕ್ಕೆ ಈ ವೇದಿಕೆಯಲ್ಲೇ ವಿರೋಧ ಬರಬಹುದು, ಬರಲಿ. ನಿರ್ಣಯ ಮಂಡಿಸುವವರು ಈಗ ಮೈಕಿನ ಬಳಿ ಬರಬೇಕೆಂದು ಕೋರುತ್ತೇನೆ.