ಹೆಬ್ಬೆರಳಿನ ಸಾಕ್ಷ್ಯ

ಸತ್ಯವಿಶ್ವಾಸಿಗಳೇ, ಹತ್ತು ಬೆರಳು, ಎರಡು ಕಣ್ಣುಗಳ ಗುರುತು ಕೊಟ್ಟು ನಾವು ಆಧಾರ್‌ನ 12 ಅಂಕಿ ಪಡೆದಿದ್ದೇವೆ. ಆದರೆ ಕಲ್ಲು ಹೊತ್ತು, ಸಿಮೆಂಟ್ ಕಲಸಿ ಗೆರೆ ಸವೆದ ಬೆರಳನ್ನು ರೇಷನ್ ಅಂಗಡಿಯ ಯಂತ್ರ ಕೆಲವೊಮ್ಮೆ ಗುರುತಿಸುವುದಿಲ್ಲ. ಬೆರಳ ತುದಿಗಳನ್ನೂ ಪುನಃ ರೂಪಿಸಬಲ್ಲ ಅಲ್ಲಾಹನಿಗೆ (ಕುರ್‌ಆನ್ 75:4) ಆ ಬೆರಳೂ ಗೊತ್ತು, ಅದು ದುಡಿದ ಹಲಾಲ್ ಅನ್ನವೂ ಗೊತ್ತು.

ಅದೇ ಹೆಬ್ಬೆರಳು ಮೊಬೈಲಿನಲ್ಲಿ ಏನು ಮಾಡುತ್ತಿದೆ? ಪ್ರೊಫೈಲ್‌ನಲ್ಲಿ ಕಅಬಾದ ಚಿತ್ರ. ಕಳುಹಿಸುವುದು ನೆರೆಯವರ ಮಾನ ಕಳೆಯುವ, ಪರಿಶೀಲಿಸದ ಸುದ್ದಿ (49:6 ಇದನ್ನೇ ಎಚ್ಚರಿಸುತ್ತದೆ). ನಕಲಿ ಹೆಸರಿನ ಖಾತೆ ಜನರಿಂದ ನಮ್ಮನ್ನು ಮರೆಮಾಡೀತು. ಆದರೆ ನಮ್ಮ ಕೈಗಳೇ ಮಾತನಾಡುವ ದಿನವೊಂದಿದೆ (36:65). ಡಿಲೀಟ್ ಮಾಡಿದರೆ ಸಾಲದು. ತೌಬಾ ಮಾಡೋಣ, ನೊಂದವರಲ್ಲಿ ಕ್ಷಮೆ ಕೇಳೋಣ. ಅಲ್ಲಾಹನು ಅನುಗ್ರಹಿಸಲಿ, ಆಮೀನ್.