ಟಿಂಕರಿಂಗ್ ಶೆಡ್ಡು: ಕಸುಬೂ ಉಳಿಯಬೇಕು, ಕಸುಬುದಾರನೂ ಉಳಿಯಬೇಕು

(ಗ್ಯಾರೇಜ್ ಮಾಲಕರು, ಕೆಲಸಗಾರರು ಮತ್ತು ಅವರ ಕುಟುಂಬದವರ ಸಭೆಯಲ್ಲಿ ಮಾಡಿದ ಭಾಷಣದ ಬರಹರೂಪ)



ನಮ್ಮ ಯಾವುದೇ ಪಟ್ಟಣವನ್ನು ಹೆದ್ದಾರಿಯ ಕಡೆಯಿಂದ ಪ್ರವೇಶಿಸಿ ನೋಡಿ. ಪೆಟ್ರೋಲ್ ಬಂಕ್ ದಾಟುತ್ತಿದ್ದಂತೆಯೇ ತಗಡಿನ ಮಾಡಿನ ಶೆಡ್ಡುಗಳ ಸಾಲು ಎದುರಾಗುತ್ತದೆ. ಒಂದರಲ್ಲಿ ಮೂತಿ ಜಜ್ಜಿಹೋದ ಜೀಪು, ಇನ್ನೊಂದರಲ್ಲಿ ಬಾಗಿಲು ಕಳಚಿಟ್ಟ ಕಾರು, ಮೂರನೆಯದರಲ್ಲಿ ಗಾಜಿಗೆಲ್ಲ ಹಳೆಯ ಪತ್ರಿಕೆ ಅಂಟಿಸಿಕೊಂಡು ಬಣ್ಣಕ್ಕೆ ಕಾದು ನಿಂತ ವ್ಯಾನು. ಬೆಳಗ್ಗಿನಿಂದ ಸಂಜೆಯವರೆಗೆ ಅಲ್ಲಿ ಸುತ್ತಿಗೆಯ ಸದ್ದು ನಿಲ್ಲುವುದಿಲ್ಲ. ಆ ಸದ್ದಿನ ಮೇಲೆ ನಮ್ಮ ಎಷ್ಟೋ ಮನೆಗಳ ಒಲೆ ಉರಿದಿದೆ, ಎಷ್ಟೋ ಹೆಣ್ಣುಮಕ್ಕಳ ಮದುವೆ ನಡೆದಿದೆ, ಎಷ್ಟೋ ಮಕ್ಕಳ ಶಾಲೆಯ ಶುಲ್ಕ ಪಾವತಿಯಾಗಿದೆ. ಇಂದು ಆ ಸದ್ದು ಕ್ಷೀಣಿಸುತ್ತಿದೆ. ಏಕೆ ಮತ್ತು ನಾವೇನು ಮಾಡಬೇಕು ಎಂಬುದೇ ಇಂದಿನ ಮಾತಿನ ವಿಷಯ.

ಇದನ್ನು ಸಮುದಾಯದ ಪ್ರಶ್ನೆಯೆಂದು ನಾವು ಕರೆಯುವುದಕ್ಕೆ ಕಾರಣವಿದೆ. 2006ರಲ್ಲಿ ಸಾಚಾರ್ ಸಮಿತಿಯು ತನ್ನ ವರದಿಯನ್ನು ಸಲ್ಲಿಸಿದಾಗ ಎಲ್ಲರೂ ಸರಕಾರಿ ಉದ್ಯೋಗದ ಅಂಕಿಗಳನ್ನೇ ಚರ್ಚಿಸಿದರು. ಆದರೆ ಅದೇ ವರದಿಯಲ್ಲಿ ಇನ್ನೊಂದು ಸತ್ಯವೂ ಇತ್ತು. ಮುಸ್ಲಿಮರು ಸಂಬಳದ ನೌಕರಿಗಿಂತ ಸ್ವಂತ ದುಡಿಮೆಯನ್ನೇ ಹೆಚ್ಚು ನೆಚ್ಚಿಕೊಂಡಿದ್ದಾರೆ, ಮತ್ತು ಮೋಟಾರು ವಾಹನಗಳ ಮಾರಾಟ ಹಾಗೂ ದುರಸ್ತಿಯ ಕ್ಷೇತ್ರದಲ್ಲಿ ಅವರ ಪಾಲು ಗಮನಾರ್ಹವಾಗಿದೆ ಎಂದು ಅದು ಗುರುತಿಸಿತ್ತು. ನೌಕರಿಯಲ್ಲಿ ನಮಗೆ ಸಿಗದ ಪಾಲಿನ ಬಗ್ಗೆ ನಾವು ವರ್ಷಗಟ್ಟಲೆ ಮಾತಾಡಿದೆವು. ಅದು ಸರಿಯೇ. ಆದರೆ ಕೈಯಲ್ಲಿದ್ದ ಕಸುಬು ಜಾರುತ್ತಿರುವ ಬಗ್ಗೆ ಮಾತಾಡಿದ್ದು ಕಡಿಮೆ.

ಮೊದಲು ಕೆಲಸದಲ್ಲೇ ಆಗಿರುವ ಬದಲಾವಣೆಯನ್ನು ನೋಡೋಣ. ಹಿಂದಿನ ಲಾರಿ, ಜೀಪುಗಳಲ್ಲಿ ಕೆಳಗೆ ಗಟ್ಟಿಯಾದ ಚಾಸಿ, ಅದರ ಮೇಲೆ ದಪ್ಪ ತಗಡಿನ ಮೈ. ತಗಡು ಜಜ್ಜಿದರೆ ಕಾಯಿಸಿ, ಬಡಿದು, ಗ್ಯಾಸ್ ವೆಲ್ಡಿಂಗ್ ಮಾಡಿ ನೇರಗೊಳಿಸಬಹುದಿತ್ತು. 1983ರ ಡಿಸೆಂಬರಿನಲ್ಲಿ ಮಾರುತಿ 800 ರಸ್ತೆಗಿಳಿದ ಮೇಲೆ ತೆಳು ತಗಡಿನ, ಪ್ರತ್ಯೇಕ ಚಾಸಿಯಿಲ್ಲದ ಪುಟ್ಟ ಕಾರುಗಳು ಮನೆಮನೆಗೆ ಬಂದವು. ನಮ್ಮ ಉಸ್ತಾದರು ಅದಕ್ಕೂ ಒಗ್ಗಿಕೊಂಡರು. ಆದರೆ ಇಂದಿನ ಕಾರಿನ ಮೈಯಲ್ಲಿ ಒಂದೇ ಬಗೆಯ ಉಕ್ಕು ಇರುವುದಿಲ್ಲ. ಅಪಘಾತವಾದಾಗ ಮುಂಭಾಗ ಮಡಚಿಕೊಂಡು ಪೆಟ್ಟನ್ನು ನುಂಗಬೇಕು, ಜನರು ಕುಳಿತ ಭಾಗ ಮಾತ್ರ ಮಡಚಿಕೊಳ್ಳಬಾರದು. ಹಾಗಾಗಿ ಬಾಗಿಲಿನ ಪಕ್ಕದ ಕಂಬಗಳಿಗೆ ಅತಿ ಬಲದ ಉಕ್ಕನ್ನು ಬಳಸುತ್ತಾರೆ. ಈ ಉಕ್ಕನ್ನು ಗ್ಯಾಸಿನ ಜ್ವಾಲೆಯಲ್ಲಿ ಕೆಂಪಗಾಗುವಂತೆ ಕಾಯಿಸಿದರೆ ಅದರ ಬಲ ಹೊರಟುಹೋಗುತ್ತದೆ. ಹೊರಗಿನಿಂದ ನೋಡಿದರೆ ನೇರವಾಗಿದೆ, ಹೊಳೆಯುತ್ತಿದೆ. ಆದರೆ ಮುಂದಿನ ಅಪಘಾತದಲ್ಲಿ ಆ ಕಂಬವು ಒಳಗಿರುವ ತಾಯಿ ಮಗುವನ್ನು ಕಾಪಾಡುವುದಿಲ್ಲ. 2023ರ ಅಕ್ಟೋಬರಿನಿಂದ ನಮ್ಮ ದೇಶದಲ್ಲೇ ಭಾರತ್ ಎನ್‌ಕ್ಯಾಪ್ ಎಂಬ ಡಿಕ್ಕಿ ಪರೀಕ್ಷೆ ನಡೆಯುತ್ತಿದೆ. ಜನರು ನಕ್ಷತ್ರ ಎಣಿಸಿ ಕಾರು ಕೊಳ್ಳುತ್ತಿದ್ದಾರೆ. ಹಾಗೆ ಕೊಂಡ ಕಾರನ್ನು ದುರಸ್ತಿಯ ನಂತರವೂ ಅದೇ ಬಲದಲ್ಲಿ ಮರಳಿಸುವುದು ನಮ್ಮ ಹೊಣೆಯಲ್ಲವೇ?

ಇನ್ನು ಬಂಪರ್ ಈಗ ಪ್ಲಾಸ್ಟಿಕ್ಕಿನದು, ಅದರೊಳಗೆ ಸೆನ್ಸರುಗಳಿವೆ. ಮುಂಭಾಗದಲ್ಲಿ ಏರ್‌ಬ್ಯಾಗಿಗೆ ಸೂಚನೆ ಕೊಡುವ ಉಪಕರಣವಿದೆ. ಬಣ್ಣವೂ ಒಂದೇ ಪದರಿನದಲ್ಲ: ಪ್ರೈಮರ್, ಮೂಲಬಣ್ಣ, ಅದರ ಮೇಲೆ ಪಾರದರ್ಶಕ ಹೊಳಪಿನ ಪದರ. ಧೂಳು ಹಾರುವ ರಸ್ತೆಬದಿಯಲ್ಲಿ ಈ ಕೆಲಸ ಶುದ್ಧವಾಗಿ ಆಗದು. ವಿದ್ಯುತ್ ಕಾರಿನಲ್ಲಿಯಂತೂ ಬ್ಯಾಟರಿಯ ಸಂಪರ್ಕವನ್ನು ನಿಯಮದಂತೆ ಕಡಿಯದೆ ವೆಲ್ಡಿಂಗಿಗೆ ಕೈಹಾಕಿದರೆ ಪ್ರಾಣಕ್ಕೇ ಅಪಾಯ. ಅದರ ಕಿತ್ತಳೆ ಬಣ್ಣದ ತಂತಿಗಳು ಅಧಿಕ ವೋಲ್ಟೇಜಿನವು ಎಂಬುದನ್ನು ಪ್ರತಿಯೊಬ್ಬ ಹುಡುಗನೂ ತಿಳಿದಿರಬೇಕು.

ಎರಡನೆಯದು, ವಿಮೆ. ಇಂದು ಗಿರಾಕಿ ಎಲ್ಲಿಗೆ ಹೋಗಬೇಕೆಂಬುದನ್ನು ಬಹುಮಟ್ಟಿಗೆ ತೀರ್ಮಾನಿಸುವುದು ಉಸ್ತಾದನ ಹೆಸರಲ್ಲ, ವಿಮಾ ಪಾಲಿಸಿ. ಕಂಪನಿಯ ಪಟ್ಟಿಯಲ್ಲಿರುವ ವರ್ಕ್‌ಶಾಪಿಗೆ ಹೋದರೆ ಹಣ ನೇರವಾಗಿ ಅಲ್ಲಿಗೇ ಪಾವತಿಯಾಗುತ್ತದೆ. ಇದಕ್ಕೆ ‘ಕ್ಯಾಶ್‌ಲೆಸ್’ ಎನ್ನುತ್ತಾರೆ. ಪಟ್ಟಿಯಲ್ಲಿಲ್ಲದ ಗ್ಯಾರೇಜಿನಲ್ಲಿ ಮಾಡಿಸಿದರೂ ಪರಿಹಾರ ಪಡೆಯಲು ಸಾಧ್ಯವಿದೆ. ಆದರೆ ಮೊದಲೇ ತಿಳಿಸಬೇಕು, ಸರ್ವೆಯರ್ ಬಂದು ನೋಡಬೇಕು, ಅಂದಾಜುಪಟ್ಟಿ ಬೇಕು, ಸರಿಯಾದ ಬಿಲ್ಲು ಬೇಕು. ನಮ್ಮ ಹಲವು ಶೆಡ್ಡುಗಳಲ್ಲಿ ಲೆಕ್ಕ ಬರೆಯುವುದು ಸಿಗರೇಟು ಪ್ಯಾಕಿನ ಹಿಂಬದಿಯಲ್ಲಿ. ಗಿರಾಕಿಗೆ ಉಸ್ತಾದನ ಕೈಯ ಮೇಲೆ ಭರವಸೆಯಿದ್ದರೂ ಕಾಗದವಿಲ್ಲದ ಕಾರಣ ಅವನು ಶೋರೂಮಿಗೆ ಹೋಗುತ್ತಾನೆ.

ಕುಟುಂಬಗಳೂ ಈ ಲೆಕ್ಕವನ್ನು ಅರಿತಿರಬೇಕು. ಸಾಮಾನ್ಯ ಪಾಲಿಸಿಯಲ್ಲಿ ಬದಲಾಯಿಸಿದ ಪ್ಲಾಸ್ಟಿಕ್ ಮತ್ತು ರಬ್ಬರ್ ಭಾಗಗಳ ಬೆಲೆಯಲ್ಲಿ ಶೇ. 50ನ್ನು ಸವಕಳಿಯೆಂದು ಕಳೆಯುತ್ತಾರೆ. ಗಾಜಿಗೆ ಸವಕಳಿಯಿಲ್ಲ. ಲೋಹದ ಭಾಗಗಳಿಗೆ ವಾಹನದ ವಯಸ್ಸಿನಂತೆ ಕಡಿತ: ಮೂರು ವರ್ಷ ದಾಟಿ ನಾಲ್ಕರೊಳಗಿದ್ದರೆ ಶೇ. 25, ಐದು ದಾಟಿ ಹತ್ತರೊಳಗಿದ್ದರೆ ಶೇ. 40. ಅಂದರೆ ಎಂಟು ಸಾವಿರದ ಬಂಪರ್ ಹಾಕಿಸಿದರೆ ನಾಲ್ಕು ಸಾವಿರ ನಿಮ್ಮ ಕಿಸೆಯಿಂದಲೇ ಹೋಗುತ್ತದೆ. ಬದಲಾಯಿಸುವುದಕ್ಕಿಂತ ದುರಸ್ತಿ ಮಾಡುವುದೇ ಲಾಭವಾಗುವ ಸಂದರ್ಭಗಳು ಎಷ್ಟೋ ಇವೆ. ನಮ್ಮದೇ ವಾಹನದ ಬಾಗಿಲಿಗೆ ಪೆಟ್ಟಾದಾಗ ಒಂದು ದೊಡ್ಡ ವರ್ಕ್‌ಶಾಪಿನವರು ಇಡೀ ಬಾಗಿಲನ್ನೇ ಬದಲಿಸಬೇಕೆಂದರು. ವಯಸ್ಸಾದ ಉಸ್ತಾದರೊಬ್ಬರು ಅರ್ಧ ದಿನದಲ್ಲಿ ಒಳಗಿನಿಂದ ಒತ್ತಿ ಅದನ್ನು ಸರಿಪಡಿಸಿಕೊಟ್ಟರು. ಈ ಕೈಚಳಕಕ್ಕೆ ಇಂದಿಗೂ ಬೆಲೆಯಿದೆ. ಆದರೆ ಆ ಬೆಲೆಯನ್ನು ಬಿಲ್ಲಿನಲ್ಲಿ ಬರೆದು ತೋರಿಸಲು ನಾವು ಕಲಿತಿಲ್ಲ.

ಮೂರನೆಯದು, ದೊಡ್ಡ ಕಂಪನಿಗಳ ಹಿಡಿತ. ಇದು ಬರಿಯ ಗೊಣಗಾಟವಲ್ಲ. 2014ರ ಆಗಸ್ಟಿನಲ್ಲಿ ಭಾರತೀಯ ಸ್ಪರ್ಧಾ ಆಯೋಗವು 14 ಕಾರು ಕಂಪನಿಗಳಿಗೆ ಒಟ್ಟು ಸುಮಾರು 2,544 ಕೋಟಿ ರೂಪಾಯಿ ದಂಡ ವಿಧಿಸಿತು. ಅಸಲಿ ಬಿಡಿಭಾಗಗಳನ್ನೂ ದೋಷ ಪತ್ತೆಹಚ್ಚುವ ಉಪಕರಣಗಳನ್ನೂ ಸ್ವತಂತ್ರ ಗ್ಯಾರೇಜುಗಳಿಗೆ ಸಿಗದಂತೆ ತಡೆದದ್ದು ಅವುಗಳ ಮೇಲಿನ ಆರೋಪವಾಗಿತ್ತು. ಹೊರಗಿನ ಗ್ಯಾರೇಜಿನಲ್ಲಿ ದುರಸ್ತಿ ಮಾಡಿಸಿದ ಮಾತ್ರಕ್ಕೆ ವಾರಂಟಿ ರದ್ದು ಎಂಬ ಸಾರಾಸಗಟು ಷರತ್ತು ಸಲ್ಲದೆಂದೂ ಆಯೋಗ ಹೇಳಿತು. ಕಂಪನಿಗಳು ಮೇಲ್ಮನವಿಗೆ ಹೋದವು, ವ್ಯಾಜ್ಯ ವರ್ಷಗಟ್ಟಲೆ ಎಳೆಯಿತು. 2022ರ ಡಿಸೆಂಬರಿನಲ್ಲಿ ಕೇಂದ್ರ ಸರಕಾರವು ‘ದುರಸ್ತಿಯ ಹಕ್ಕು’ ಎಂಬ ಜಾಲತಾಣವನ್ನು ಆರಂಭಿಸಿತು. ಅದರಲ್ಲಿ ವಾಹನ ಕ್ಷೇತ್ರವನ್ನೂ ಸೇರಿಸಲಾಗಿದೆ. ಆದರೆ ಕಾನೂನಿನ ಬಲವಿಲ್ಲದ ಜಾಲತಾಣದಿಂದ ನಮ್ಮ ಶೆಡ್ಡಿಗೆ ಬಿಡಿಭಾಗ ತಾನಾಗಿ ಬಂದು ಬೀಳುವುದಿಲ್ಲ. ಕೇಳುವವರು ಸಂಘಟಿತರಾಗಿ ಕೇಳಬೇಕು. ನಮ್ಮ ಎಷ್ಟು ಊರುಗಳಲ್ಲಿ ಗ್ಯಾರೇಜು ಮಾಲಕರ ಸಂಘವು ಈ ಆದೇಶದ ಹೆಸರನ್ನಾದರೂ ಕೇಳಿದೆ?

ಸಹೋದರರೇ, ಹೊರಗಿನವರ ತಪ್ಪನ್ನು ಎಣಿಸಿದ ಮೇಲೆ ನಮ್ಮ ತಪ್ಪನ್ನೂ ಎಣಿಸಬೇಕು. ತುಕ್ಕು ಹಿಡಿದ ತಗಡನ್ನು ಕತ್ತರಿಸಿ ಹೊಸದು ಕೂರಿಸುವ ಬದಲು ಅದರ ಮೇಲೆ ದಪ್ಪಗೆ ಪುಟ್ಟಿ ಮೆತ್ತಿ ಬಣ್ಣ ಹೊಡೆಯುವುದಿದೆ. ಎರಡು ಮಳೆಗಾಲ ಕಳೆಯುವಷ್ಟರಲ್ಲಿ ಬಣ್ಣ ಗುಳ್ಳೆಯೆದ್ದು ಗುಟ್ಟು ರಟ್ಟಾಗುತ್ತದೆ. ಗುಜರಿಯಿಂದ ತಂದ ಭಾಗಕ್ಕೆ ಹೊಸದರ ಬೆಲೆ ಹಾಕುವುದಿದೆ. ಹಳೆಯ ಗೀರನ್ನೂ ಹೊಸ ಅಪಘಾತದ ಲೆಕ್ಕಕ್ಕೆ ಸೇರಿಸಿ ವಿಮಾ ಹಣ ಹಂಚಿಕೊಳ್ಳುವುದಿದೆ. ‘ಎಲ್ಲರೂ ಮಾಡುತ್ತಾರೆ’ ಎಂಬ ಸಮರ್ಥನೆ ಬೇಡ. ತೂಕದಲ್ಲಿ ಮೋಸ ಮಾಡುವ ಅಂಗಡಿಯವನನ್ನು ಖಂಡಿಸುವ ನಾವು ಪುಟ್ಟಿಯೊಳಗೆ ಮುಚ್ಚಿದ ತುಕ್ಕನ್ನು ಬೇರೆ ಹೆಸರಿನಿಂದ ಕರೆಯಲಾಗದು. ಹಲಾಲ್ ಸಂಪಾದನೆಯೆಂದರೆ ತಿನ್ನುವ ತುತ್ತಿಗೆ ಮಾತ್ರ ಸಂಬಂಧಿಸಿದ್ದಲ್ಲ, ಆ ತುತ್ತು ಬಂದ ದಾರಿಗೂ ಸಂಬಂಧಿಸಿದ್ದು.

ಈಗ ನಮ್ಮ ಮನಸ್ಸನ್ನು ಅತಿ ಹೆಚ್ಚು ಕಲಕಿದ ಸಂಗತಿಗೆ ಬರುತ್ತೇವೆ. ಶೆಡ್ಡುಗಳಲ್ಲಿ ಕುಳಿತು ಮಾತಾಡುವಾಗ ಒಂದು ಕೆಮ್ಮು ನಮಗೆ ಮತ್ತೆ ಮತ್ತೆ ಕೇಳಿಸಿತು. ನಲವತ್ತು ದಾಟಿದ ಪೇಂಟರುಗಳು ಒಂದು ವಾಕ್ಯ ಮುಗಿಸುವುದರೊಳಗೆ ಎರಡು ಬಾರಿ ನಿಲ್ಲುತ್ತಾರೆ. ಕೇಳಿದರೆ ‘ಧೂಳು’ ಎನ್ನುತ್ತಾರೆ. ಆದರೆ ಧೂಳು ಮಾತ್ರವಲ್ಲ. ಹೊಳಪಿನ ಪದರಕ್ಕೆ ಬೆರೆಸುವ ಹಾರ್ಡನರಿನಲ್ಲಿ ಐಸೋಸಯನೇಟ್ ಎಂಬ ರಾಸಾಯನಿಕವಿರುತ್ತದೆ. ಕೆಲಸದಿಂದಲೇ ಬರುವ ಅಸ್ತಮಾಕ್ಕೆ ಅದೊಂದು ಪ್ರಮುಖ ಕಾರಣವೆಂದು ವೈದ್ಯಲೋಕವು ಬಹಳ ಹಿಂದೆಯೇ ಗುರುತಿಸಿದೆ. ಒಮ್ಮೆ ದೇಹವು ಅದಕ್ಕೆ ಪ್ರತಿಕ್ರಿಯಿಸಲು ಶುರುಮಾಡಿದರೆ ಆಮೇಲೆ ಅತ್ಯಲ್ಪ ಪ್ರಮಾಣವೂ ಉಸಿರು ಕಟ್ಟಿಸಬಲ್ಲದು. ಮೂಗಿಗೆ ಕಟ್ಟಿಕೊಂಡ ಕರವಸ್ತ್ರವಾಗಲಿ, ತೆಳುವಾದ ಬಟ್ಟೆಯ ಮಾಸ್ಕಾಗಲಿ ಈ ಆವಿಯನ್ನು ತಡೆಯುವುದಿಲ್ಲ. ಅದಕ್ಕೆ ಹೊರಗಿನಿಂದ ಶುದ್ಧಗಾಳಿ ಪೂರೈಸುವ ಮುಖಕವಚವೂ ಗಾಳಿಯನ್ನು ಹೀರಿ ಹೊರಹಾಕುವ ಬೂತ್ ಕೂಡಾ ಬೇಕು. ಶೆಡ್ಡಿನ ಬಾಗಿಲು ಮುಚ್ಚಿ ಬಣ್ಣ ಹೊಡೆಯುವವನು ಕಾರನ್ನು ಧೂಳಿನಿಂದ ಕಾಪಾಡುತ್ತಾನೆ, ತನ್ನನ್ನು ವಿಷಕ್ಕೆ ಒಪ್ಪಿಸಿಕೊಳ್ಳುತ್ತಾನೆ. ಇಲ್ಲಿರುವ ತಾಯಂದಿರು, ಪತ್ನಿಯರು ದಯವಿಟ್ಟು ಗಮನಿಸಿ: ರಾತ್ರಿ ಬರುವ ಕೆಮ್ಮು, ರಜಾದಿನದಲ್ಲಿ ಕಡಿಮೆಯಾಗಿ ಕೆಲಸದ ದಿನ ಮರುಕಳಿಸುವ ಎದೆಬಿಗಿತ, ಇವು ಎಚ್ಚರಿಕೆಯ ಗಂಟೆಗಳು. ವೈದ್ಯರ ಬಳಿ ಹೋದಾಗ ಯಜಮಾನರ ಕೆಲಸ ಏನೆಂಬುದನ್ನೂ ತಪ್ಪದೆ ತಿಳಿಸಿ.

ಇದೇ ಶೆಡ್ಡಿಗೆ ಶಾಲೆ ಬಿಡಿಸಿದ ಹುಡುಗನನ್ನು ನಾವು ಕಳಿಸುತ್ತೇವೆ. ‘ಓದು ತಲೆಗೆ ಹತ್ತಲಿಲ್ಲ, ಕೆಲಸವಾದರೂ ಕಲಿಯಲಿ’ ಎನ್ನುತ್ತೇವೆ. 2016ರ ತಿದ್ದುಪಡಿಯ ನಂತರ 14 ವರ್ಷದೊಳಗಿನ ಮಗುವನ್ನು ದುಡಿಮೆಗೆ ಹಚ್ಚುವುದು ಸಂಪೂರ್ಣ ನಿಷಿದ್ಧ. ಮನೆಯ ಕಸುಬಿಗೆಂದು ಇರುವ ವಿನಾಯಿತಿಯೂ ಅಪಾಯಕಾರಿ ಕೆಲಸಕ್ಕೆ ಅನ್ವಯಿಸದು. ಕಾನೂನಿನ ಮಾತು ಹಾಗಿರಲಿ. ಹತ್ತನೇ ತರಗತಿ ಮುಗಿಸದವನಿಗೆ ಕಂಪನಿಯ ಕೈಪಿಡಿ ಓದಲಾಗದು, ಬಣ್ಣದ ಸಂಕೇತ ಬೆರೆಸುವ ಕಂಪ್ಯೂಟರ್ ನಡೆಸಲಾಗದು, ಸರ್ವೆಯರನ ಎದುರು ತನ್ನ ಅಂದಾಜನ್ನು ಸಮರ್ಥಿಸಲಾಗದು. ನಾಳೆ ಅವನು ದೊಡ್ಡ ವರ್ಕ್‌ಶಾಪಿನಲ್ಲಿ ಉಜ್ಜುಕಾಗದ ಹಿಡಿದು ದಿನಗೂಲಿಗೆ ನಿಲ್ಲುತ್ತಾನೆ. ಅವನ ಉಸ್ತಾದನಿಗಿಂತ ಅರ್ಧ ಕೆಲಸವೂ ಬಾರದವನು ಕೈಯಲ್ಲಿ ಪ್ರಮಾಣಪತ್ರವಿರುವ ಕಾರಣಕ್ಕೆ ಅವನ ಮೇಲ್ವಿಚಾರಕನಾಗುತ್ತಾನೆ.

ಹಾಗಾದರೆ ಮಾಡಬೇಕಾದದ್ದೇನು? ಕೆಲವನ್ನು ನಾಳೆಯಿಂದಲೇ ಆರಂಭಿಸಬಹುದು. ವಾಹನ ಬಂದೊಡನೆ ಎಲ್ಲ ಬದಿಯಿಂದ ಫೋಟೋ ತೆಗೆಯಿರಿ, ಅಂದಾಜನ್ನು ಬರೆದು ಕೊಡಿ, ಹಾಕಿದ ಭಾಗ ಹೊಸದೋ ಹಳೆಯದೋ ಎಂಬುದನ್ನು ಬಿಲ್ಲಿನಲ್ಲಿ ಸ್ಪಷ್ಟಪಡಿಸಿ. ಓದು ಬಲ್ಲ ಮನೆಯ ಹೆಣ್ಣುಮಕ್ಕಳು ಈ ಲೆಕ್ಕಪತ್ರವನ್ನು ಉಸ್ತಾದರಿಗಿಂತ ಚೆನ್ನಾಗಿ ನಿಭಾಯಿಸಬಲ್ಲರು.

ಇನ್ನು ಕೆಲವಕ್ಕೆ ಒಗ್ಗಟ್ಟು ಬೇಕು. ಒಂದೊಂದು ಶೆಡ್ಡಿಗೂ ಬೂತ್ ಕಟ್ಟಿಸುವುದು ಅಸಾಧ್ಯ. ಆದರೆ ಹತ್ತು ಶೆಡ್ಡುಗಳು ಸೇರಿ ಒಂದು ಬೂತ್, ಒಂದು ಬಣ್ಣ ಬೆರೆಸುವ ಯಂತ್ರ, ಶುದ್ಧಗಾಳಿಯ ನಾಲ್ಕು ಮುಖಕವಚಗಳನ್ನು ಹೊಂದುವುದು ಅಸಾಧ್ಯವೇನಲ್ಲ. ನಮ್ಮ ಊರುಗಳಲ್ಲಿರುವ ಬಡ್ಡಿರಹಿತ ಸಾಲದ ಸಂಘಗಳು ಮದುವೆ, ಆಸ್ಪತ್ರೆಯ ಖರ್ಚಿಗೆ ಕೊಡುವಂತೆ ಇಂತಹ ಸಾಧನಗಳಿಗೂ ಕೊಡಲಿ. ಅಲ್ಪಸಂಖ್ಯಾತರ ಅಭಿವೃದ್ಧಿ ನಿಗಮದ ಶ್ರಮಶಕ್ತಿಯಂತಹ ಯೋಜನೆಗಳ ಅರ್ಜಿಯನ್ನು ಜಮಾಅತ್‌ಗಳ ಯುವಕರು ತುಂಬಿಸಿಕೊಡಲಿ.

ಸರಕಾರದ ಮುಂದೆಯೂ ನಮ್ಮ ಮಾತಿದೆ. 2023ರ ಸೆಪ್ಟೆಂಬರಿನಲ್ಲಿ ಆರಂಭವಾದ ಪಿ.ಎಂ. ವಿಶ್ವಕರ್ಮ ಯೋಜನೆಯ 18 ಕಸುಬುಗಳಲ್ಲಿ ಕಮ್ಮಾರನಿದ್ದಾನೆ, ಬೀಗ ಮಾಡುವವನಿದ್ದಾನೆ, ಕಾರಿನ ಮೈ ಸರಿಪಡಿಸುವವನಿಲ್ಲ. ಅವನನ್ನೂ ಸೇರಿಸಬೇಕೆಂಬ ಬೇಡಿಕೆ ನ್ಯಾಯವಾದದ್ದು. ಅದೇ ವೇಳೆ ಇರುವ ಅವಕಾಶವನ್ನು ಬಿಡಬಾರದು. ನಮ್ಮ ರಾಜ್ಯದಲ್ಲಿ ಮೋಟಾರು ಸಾರಿಗೆ ಮತ್ತು ಸಂಬಂಧಿತ ಕಾರ್ಮಿಕರ ಸಾಮಾಜಿಕ ಭದ್ರತೆಗೆಂದು 2024ರಲ್ಲಿ ರೂಪುಗೊಂಡ ಕಾನೂನು ಗ್ಯಾರೇಜಿನ ಕೆಲಸಗಾರರನ್ನೂ ಒಳಗೊಂಡಿದೆ. ನೋಂದಣಿ ಮಾಡಿಸಿಕೊಳ್ಳಿ. ಐಟಿಐಗಳ ಪಠ್ಯಕ್ರಮದಲ್ಲಿ ವಾಹನದ ಮೈ ದುರಸ್ತಿ ಮತ್ತು ಬಣ್ಣಕ್ಕೆ ಪ್ರತ್ಯೇಕ ವಿಭಾಗಗಳಿವೆ. ಈಗಾಗಲೇ ಕೆಲಸ ಬಲ್ಲವರ ಕೌಶಲವನ್ನು ಪರೀಕ್ಷಿಸಿ ಪ್ರಮಾಣಪತ್ರ ಕೊಡುವ ವ್ಯವಸ್ಥೆಯೂ ಇದೆ. ಮೂವತ್ತು ವರ್ಷ ಸುತ್ತಿಗೆ ಹಿಡಿದ ಉಸ್ತಾದನು ಆ ಪರೀಕ್ಷೆಗೆ ಕೂರುವುದು ಅವಮಾನವಲ್ಲ. ತನ್ನ ವಿದ್ಯೆಯನ್ನು ಲೋಕದಿಂದ ಒಪ್ಪಿಸಿಕೊಳ್ಳುವ ದಾರಿ ಅದು.

ಕಸುಬು ನಮ್ಮ ಹಿರಿಯರು ಬಿಟ್ಟುಹೋದ ಆಸ್ತಿ. ಆಸ್ತಿಯನ್ನು ಉಳಿಸಿಕೊಳ್ಳಲು ದಾಖಲೆ ಬೇಕೆಂಬುದು ನಮಗೆಲ್ಲರಿಗೂ ಗೊತ್ತು. ಮನೆಯ ಪಹಣಿ, ಪತ್ರಗಳನ್ನು ಕಬ್ಬಿಣದ ಪೆಟ್ಟಿಗೆಯಲ್ಲಿಟ್ಟು ಕಾಯುವ ನಾವು ಕೈಯ ಕಸುಬಿಗೆ ಒಂದು ಕಾಗದವನ್ನೂ ಮಾಡಿಸಿಲ್ಲ. ಇಲ್ಲಿಂದ ಮನೆಗೆ ಹೋದ ಮೇಲೆ ಮೂರು ಕೆಲಸ ಮಾಡಿ. ಶೆಡ್ಡಿಗೆ ಹೋಗುತ್ತಿರುವ ಹುಡುಗನನ್ನು ಮತ್ತೆ ಶಾಲೆಗೆ ಸೇರಿಸಿ. ಕೆಮ್ಮುತ್ತಿರುವ ಅಣ್ಣನನ್ನು ಈ ವಾರವೇ ವೈದ್ಯರ ಬಳಿ ಕರೆದೊಯ್ಯಿರಿ. ಶೆಡ್ಡಿಗೊಂದು ಬಿಲ್ಲು ಪುಸ್ತಕ ಅಚ್ಚುಹಾಕಿಸಿ. ಮುಂದಿನ ಬಾರಿ ನಾವು ಸೇರುವಾಗ ಬೂತಿನ ಜಾಗದ ಬಗ್ಗೆ ಮಾತಾಡುವಂತಾಗಲಿ.